ಉಪ್ಪಿನಕಾಯಿ ತಿಂದವರ ಹೆಸರು

ಕೊಪ್ಪದ ಸೀಮೆಯಲ್ಲಿ ಆಷಾಢದ ಮಳೆ ಹಿಡಿದುಕೊಂಡಿತೆಂದರೆ ದೂರದರ್ಶನವನ್ನು ನೋಡುವವನು ಅರ್ಧ ನೋಡಬೇಕು, ಅರ್ಧ ಊಹಿಸಬೇಕು. ನಾನು ಹುಡುಗನಾಗಿದ್ದ ಕಾಲದ ಮಾತು ಇದು. ಭಾನುವಾರದ ಕನ್ನಡ ಚಿತ್ರ ಆರಂಭವಾಗುವ ಹೊತ್ತಿಗೆ ಸರಿಯಾಗಿ ಚಿಕ್ಕಪ್ಪ ಕಂಬಳಿಕೊಪ್ಪೆ ಹಾಕಿಕೊಂಡು ಮಾಡಿನ ಮೇಲೇರಿ ಆಂಟೆನಾವನ್ನು ತಿರುಗಿಸುವರು. ಒಳಗಿನಿಂದ ನಾವು ಮಕ್ಕಳು ‘ಬಂತು, ಬಂತು, ಹೋಯ್ತು’ ಎಂದು ಕೂಗುವೆವು. ಹಾಗೆ ಬಂದು ಹೋಗುತ್ತಿದ್ದ ಚಿತ್ರಗಳಲ್ಲಿ ಒಂದು ‘ಭೂತಯ್ಯನ ಮಗ ಅಯ್ಯು’. ಊರಿಗೆ ಊರೇ ರೊಚ್ಚಿಗೆದ್ದು ಅಯ್ಯುವಿನ ಮನೆಗೆ ನುಗ್ಗುವ ಸಂದರ್ಭವು ವಾಚಕರಿಗೆ ನೆನಪಿರಬಹುದು. ಉಳಿದವರು ಸಿಕ್ಕಿದ್ದನ್ನು ಬಾಚಿಕೊಳ್ಳುತ್ತಿರುವಾಗ ಒಬ್ಬನು ಮಾತ್ರ ಉಪ್ಪಿನಕಾಯಿಯನ್ನು ಹಿಡಿದು ಕುಳಿತುಬಿಡುತ್ತಾನೆ. ಹೊರಗೆ ಪ್ರಳಯವಾಗುತ್ತಿದ್ದರೂ ಅವನಿಗೆ ಪರಿವೆಯಿಲ್ಲ. ಬೆರಳು, ನಾಲಗೆ, ಗಂಟಲು, ಕಣ್ಣು ಎಲ್ಲವೂ ಆ ಹೋಳಿನಲ್ಲಿ ಲೀನವಾಗಿವೆ.

ಅಂದು ಮೂಲೆಯಲ್ಲಿ ಹೂಬತ್ತಿ ಹೊಸೆಯುತ್ತ ಕುಳಿತಿದ್ದ ಅಜ್ಜಿ ತಲೆಯೆತ್ತಿ ನೋಡಿದರು. ‘ಯಾರೋ ಅವ? ಅವ ತಿನ್ನೋದು ನೋಡಿದ್ರೆ ನಂಗೇ ಬಾಯಲ್ಲಿ ನೀರು ಬರ್ತದಲ್ಲ!’ ಎಂದವರೇ ಎದ್ದು ಒಳಗೆ ಹೋದರು. ಆ ವರುಷದ ಮಾವಿನ ಮಿಡಿಯ ಭರಣಿಯ ಬಾಯಿಬಟ್ಟೆಯನ್ನು ದೀಪಾವಳಿಗೆ ಮುಂಚೆ ಯಾರೂ ಬಿಚ್ಚಕೂಡದೆಂದು ಕಟ್ಟಪ್ಪಣೆ ಮಾಡಿದ್ದವರು ಅವರೇ. ಅದನ್ನೇ ತಂದು ನಡುಮನೆಯಲ್ಲಿಟ್ಟು ನಮಗೆಲ್ಲ ಒಂದೊಂದು ಮಿಡಿ ಹಂಚಿದರು. ಚಿತ್ರದ ಮಿಕ್ಕ ಭಾಗವನ್ನು ಮಳೆಯು ನುಂಗಿತೋ ನಾವೇ ಮರೆತೆವೋ ನೆನಪಿಲ್ಲ. ಅಜ್ಜಿಯ ಪ್ರಶ್ನೆಗೆ ಮಾತ್ರ ಯಾರಿಂದಲೂ ಉತ್ತರ ಬರಲಿಲ್ಲ. ನಾಯಕ ಲೋಕೇಶ್, ಅವರಿಗೆ ಎದುರಾಗಿ ವಿಷ್ಣುವರ್ಧನ್, ಭೂತಯ್ಯನಾಗಿ ಎಂ. ಪಿ. ಶಂಕರ್ – ಇವರೆಲ್ಲರ ಹೆಸರೂ ಅಪ್ಪನ ನಾಲಗೆಯ ತುದಿಯಲ್ಲಿತ್ತು. ಈತನ ವಿಷಯಕ್ಕೆ ಬಂದಾಗ, ‘ಅವನಾ? ಅವನು ಉಪ್ಪಿನಕಾಯಿಯವನು’ ಎಂದುಬಿಟ್ಟರು. ನಮ್ಮ ಮನೆಯಲ್ಲಿ ಬಹುಕಾಲ ಆತ ಉಪ್ಪಿನಕಾಯಿಯವನಾಗಿಯೇ ಉಳಿದನು.

ಈ ಹಳೆಯ ಕಥೆ ನನಗೆ ಮರಳಿ ನೆನಪಾದುದು ಕಳೆದ ವರ್ಷ, ಅದೂ ನಾಚಿಕೆಪಡಬೇಕಾದ ಒಂದು ಸಂದರ್ಭದಲ್ಲಿ.

ನಾನು ಕನ್ನಡ ಪಾಠ ಹೇಳುವ ಕಾಲೇಜಿನಲ್ಲಿ ವಾರ್ಷಿಕೋತ್ಸವಕ್ಕೆಂದು ನಾಟಕವೊಂದನ್ನು ಕೈಗೆತ್ತಿಕೊಂಡಿದ್ದೆವು. ನಮ್ಮ ವಿದ್ಯಾರ್ಥಿಗಳು ಕೊಪ್ಪ, ಶೃಂಗೇರಿ, ನರಸಿಂಹರಾಜಪುರ ಈ ಮೂರು ತಾಲ್ಲೂಕುಗಳಿಂದ ಬರುವವರು. ತುಂಗೆಯ ಕಡೆಯವರು ಒಂದು ಬಸ್ಸಿಗೆ ಓಡಬೇಕು, ಭದ್ರೆಯ ಕಡೆಯವರು ಇನ್ನೊಂದಕ್ಕೆ. ಇವರನ್ನೆಲ್ಲ ಸಂಜೆಯ ಅಭ್ಯಾಸಕ್ಕೆ ಒಟ್ಟು ಸೇರಿಸುವುದೆಂದರೆ ಕಪ್ಪೆಗಳನ್ನು ತಕ್ಕಡಿಯಲ್ಲಿಟ್ಟು ತೂಗಿದಂತೆ. ನಾಟಕದಲ್ಲಿ ಲಾಂದ್ರ ಹಿಡಿದು ನಿಲ್ಲುವ ಮನೆಯಾಳಿನ ಪಾತ್ರವೊಂದಿತ್ತು. ಅದಕ್ಕೆ ಮೂರೇ ಮೂರು ಮಾತು. ಶೃಂಗೇರಿಯ ಕಡೆಯ ಹುಡುಗನೊಬ್ಬನನ್ನು ಅದಕ್ಕೆ ಹಾಕಿದ್ದೆನು. ನಾಯಕನಿಗೆ ಮಾತು ಕಲಿಸುವ ಭರದಲ್ಲಿ ನಾನು ಆ ಹುಡುಗನ ಕಡೆಗೆ ಗಮನ ಕೊಟ್ಟಿರಲಿಲ್ಲ. ಹನ್ನೆರಡನೆಯ ದಿನವೋ ಏನೋ, ‘ಏಯ್ ಲಾಂದ್ರ, ಸ್ವಲ್ಪ ಎಡಕ್ಕೆ ಸರಿದುಕೋ’ ಎಂದೆನು. ಹುಡುಗನು ಲಾಂದ್ರವನ್ನು ಮೆಲ್ಲಗೆ ಕೆಳಗಿಟ್ಟನು.

‘ಸರ್, ನನ್ನ ಹೆಸರು ನಿಮಗೆ ಗೊತ್ತುಂಟಾ?’

ದಿನವೂ ಬೆಳಿಗ್ಗೆ ಹಾಜರಿ ಪುಸ್ತಕದಲ್ಲಿ ನಾನೇ ಕೂಗುವ ಹೆಸರು. ಆ ಗಳಿಗೆಯಲ್ಲಿ ಬಾಯಿಗೆ ಬರಲಿಲ್ಲ. ತಡವರಿಸಿ ಬೇರೊಂದು ಹೆಸರನ್ನು ಹೇಳಿದೆನು. ಉಳಿದವರು ನಕ್ಕರು, ಅವನು ನಗಲಿಲ್ಲ. ‘ಮೂರು ಮಾತಿಗೆ ದಿನಾ ಕಡೇ ಬಸ್ಸು ತಪ್ಪಿಸಿಕೊಳ್ತಾ ಇದ್ದೇನೆ ಸರ್. ನಾಳೆಯಿಂದ ನಾನು ಬರೂದಿಲ್ಲ’ ಎಂದು ಹೇಳಿ, ಚೀಲವನ್ನು ಹೆಗಲಿಗೇರಿಸಿಕೊಂಡು ಹೊರಟುಹೋದನು. ಮಾತಿನಲ್ಲಿ ಅವಿನಯವಿರಲಿಲ್ಲ. ಇದ್ದಿದ್ದರೆ ಗದರಿಸಿ ಸಮಾಧಾನಪಟ್ಟುಕೊಳ್ಳುತ್ತಿದ್ದೆನೇನೋ.

ಆ ರಾತ್ರಿ ನಿದ್ದೆ ಹತ್ತಲಿಲ್ಲ. ಅಜ್ಜಿಯ ಭರಣಿ ನೆನಪಾಯಿತು. ಹೆಸರು ತಿಳಿಯದೆ ಕರೆಯುವುದು ನಮ್ಮ ಮನೆತನಕ್ಕೇ ಅಂಟಿದ ಚಾಳಿಯೆಂದು ತೋರಿತು. ಲೋಕನಾಥ್ ಎಂಬ ಹೆಸರು ಅಷ್ಟು ಹೊತ್ತಿಗೆ ನನಗೂ ತಿಳಿದಿತ್ತು. ಆದರೆ ಹೆಸರಿನ ಹಿಂದೆ ಏನಿತ್ತು, ಆ ತಿನ್ನುವ ಕಲೆಯನ್ನು ಅವರು ಎಲ್ಲಿ ಕಲಿತರು ಎಂದು ಒಮ್ಮೆಯೂ ವಿಚಾರಿಸಿ ನೋಡಿರಲಿಲ್ಲ.

ಲೋಕನಾಥರು ಹುಟ್ಟಿದ್ದು 1927ರ ಆಗಸ್ಟ್ 14ರಂದು, ಬೆಂಗಳೂರಿನಲ್ಲಿ. ಅವರು ಬೆಳೆದುಬಂದುದು ಆ ಊರಿನ ಹವ್ಯಾಸಿ ರಂಗಭೂಮಿಯಲ್ಲಿ. ಈ ಹವ್ಯಾಸಿ ಎಂಬ ಮಾತಿನಿಂದ ಇಂದಿನವರಿಗೆ ಏನೋ ಹೊತ್ತು ಕಳೆಯುವ ಕೆಲಸವೆಂಬ ಭಾವನೆ ಬರಬಹುದು. ನಿಜಸ್ಥಿತಿ ಹಾಗಿರಲಿಲ್ಲ. ಕೈಲಾಸಂ, ಶ್ರೀರಂಗ, ಪರ್ವತವಾಣಿ ಮೊದಲಾದವರ ನಾಟಕಗಳನ್ನು ಆಡುತ್ತಿದ್ದವರು ಹಗಲೆಲ್ಲ ಕಚೇರಿಯಲ್ಲೋ ಅಂಗಡಿಯಲ್ಲೋ ದುಡಿದು, ಸಂಜೆ ಯಾರದೋ ಮನೆಯ ಪಡಸಾಲೆಯಲ್ಲಿ ಅಥವಾ ಶಾಲೆಯ ಖಾಲಿ ಕೊಠಡಿಯಲ್ಲಿ ಸೇರುತ್ತಿದ್ದ ಗೃಹಸ್ಥರು. ನಾಟಕದ ಕಂಪನಿಯಂತೆ ಅಲ್ಲಿ ಸಂಬಳವಿಲ್ಲ, ಕಂಪನಿಯ ಊಟವಿಲ್ಲ. ಇಂದು ಮುಖ್ಯಪಾತ್ರ ವಹಿಸಿದವನು ನಾಳೆ ಪರದೆ ಎಳೆಯಬೇಕು, ನಾಡಿದ್ದು ಮುದುಕನಾಗಿ ಬಂದು ಕೆಮ್ಮಿ ಹೋಗಬೇಕು. 1963ರಲ್ಲಿ ರವೀಂದ್ರ ಕಲಾಕ್ಷೇತ್ರವು ತೆರೆದ ಮೇಲೆ ಈ ಜನಕ್ಕೆ ಒಂದು ಸುಸಜ್ಜಿತವಾದ ರಂಗವು ದೊರೆಯಿತೆನ್ನಬಹುದು. ಲೋಕನಾಥರು ತಮ್ಮ ಜೀವಮಾನದಲ್ಲಿ ಅಭಿನಯಿಸಿದ ನಾಟಕಪ್ರಯೋಗಗಳ ಸಂಖ್ಯೆ ಸಾವಿರವನ್ನು ಮೀರಿತೆಂದು ಹೇಳುತ್ತಾರೆ. ಸಿನಿಮಾಗಳು 650ಕ್ಕೂ ಮೇಲೆ. ಈ ಎರಡು ಅಂಕಿಗಳಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ್ದು ಎರಡನೆಯದಲ್ಲ, ಮೊದಲನೆಯದು. ಸಿನಿಮಾವನ್ನು ಮತ್ತೆ ನೋಡಬಹುದು. ಆ ಸಾವಿರ ಸಂಜೆಗಳನ್ನು ಮತ್ತೆ ನೋಡುವಂತಿಲ್ಲ. ಉಪ್ಪಿನಕಾಯಿಯ ದೃಶ್ಯಕ್ಕೆ ಬೇಕಾದ ಕಸುವು ಮಾತ್ರ ಆ ಕಾಣದ ಸಂಜೆಗಳಲ್ಲೇ ತಯಾರಾಗಿದ್ದಿತು.

ಅವರ ಮೊದಲ ಚಿತ್ರ ‘ಸಂಸ್ಕಾರ’. ಅದು 1970ರಲ್ಲಿ ಬಂದಿತು. ಎಂದರೆ ಅವರಿಗೆ ನಲವತ್ತು ದಾಟಿತ್ತು. ನಮ್ಮಲ್ಲಿ ಆ ವಯಸ್ಸಿಗೆ ಮನುಷ್ಯನು ಮಗಳ ಮದುವೆಗೆ ಅಡಿಕೆ ಮಾರಿದ ಹಣವನ್ನು ಕೂಡಿಡಲು ಆರಂಭಿಸುತ್ತಾನೆ.

‘ಸಂಸ್ಕಾರ’ದ ಚಿತ್ರೀಕರಣ ಬಹುಮಟ್ಟಿಗೆ ನಡೆದುದು ಶೃಂಗೇರಿಯ ಸಮೀಪದಲ್ಲಿ ತುಂಗೆಯ ದಡದ ಮೇಲಿರುವ ವೈಕುಂಠಪುರದಲ್ಲಿ ಎಂಬುದು ಬಲ್ಲವರಿಗೆ ಗೊತ್ತಿರುವ ಸಂಗತಿ. ನಾನು ಅದುವರೆಗೆ ಆ ಊರಿನ ಹೆಸರನ್ನು ಪುಸ್ತಕದಲ್ಲಿ ಓದಿದ್ದೆನೇ ಹೊರತು ಹೋಗಿ ನೋಡಿರಲಿಲ್ಲ. ನಮ್ಮ ಲಾಂದ್ರದ ಹುಡುಗನ ಮನೆ ಅದೇ ದಿಕ್ಕಿನಲ್ಲಿ. ಹೆಸರನ್ನು ಹಾಜರಿ ಪುಸ್ತಕದಿಂದ ಎರಡು ಬಾರಿ ಓದಿ ಬಾಯಿಪಾಠ ಮಾಡಿಕೊಂಡು, ಶನಿವಾರ ಅವನನ್ನು ಹೆಸರು ಹಿಡಿದು ಕರೆದೆನು. ‘ನಾಟಕದ ಮಾತು ಬಿಡು. ನಾಳೆ ನನಗೆ ವೈಕುಂಠಪುರವನ್ನು ತೋರಿಸುತ್ತೀಯಾ?’ ಎಂದು ಕೇಳಿದೆನು. ಹುಡುಗನು ಸಂಶಯದಿಂದಲೇ ಒಪ್ಪಿದನು. ಮೇಷ್ಟರು ಬುತ್ತಿಯ ಆಸೆ ತೋರಿಸಿ ಬೋನಿಗೆ ಕೆಡಹುತ್ತಾರೆಂದು ಅವನಿಗೆ ಅನಿಸಿದ್ದರೆ ಆಶ್ಚರ್ಯವಿಲ್ಲ.

ಅಲ್ಲಿ ನಾವು ಕಂಡದ್ದು ಯಾವ ಮಲೆನಾಡಿನ ಊರಿನಲ್ಲಿಯೂ ಕಾಣುವಂಥದೇ: ಹೊಳೆ, ತೋಟ, ಪಾಚಿ ಹಿಡಿದ ಹೆಂಚು, ಅಂಗಳದಲ್ಲಿ ಒಣಹಾಕಿದ ಬಟ್ಟೆ. ಹೊಳೆಯ ದಂಡೆಯ ಬಂಡೆಯ ಮೇಲೆ ಕುಳಿತು ನಾನು ಅವನಿಗೆ ಆ ಚಿತ್ರದ ಕಥೆಯನ್ನು ಹೇಳಿದೆನು. ಅನಂತಮೂರ್ತಿಯವರ ಕಾದಂಬರಿ 1965ರಲ್ಲಿ ಪ್ರಕಟವಾದದ್ದು. ಅವರು ಹುಟ್ಟಿದ ಮೇಳಿಗೆ ನಮ್ಮ ಪಕ್ಕದ ತೀರ್ಥಹಳ್ಳಿ ತಾಲ್ಲೂಕಿನದು. ಪಟ್ಟಾಭಿರಾಮ ರೆಡ್ಡಿಯವರ ನಿರ್ದೇಶನ, ಪ್ರಾಣೇಶಾಚಾರ್ಯನಾಗಿ ಗಿರೀಶ ಕಾರ್ನಾಡ, ನಾರಣಪ್ಪನಾಗಿ ಲಂಕೇಶ್, ಚಂದ್ರಿಯಾಗಿ ಸ್ನೇಹಲತಾ ರೆಡ್ಡಿ. ಕ್ಯಾಮರಾ ಹಿಡಿದವರು ಆಸ್ಟ್ರೇಲಿಯಾದ ಟಾಮ್ ಕೋವನ್. ಸೆನ್ಸಾರಿನವರು ಮೊದಲು ಪ್ರದರ್ಶನಕ್ಕೆ ಅನುಮತಿ ಕೊಡಲಿಲ್ಲ. ಅಡ್ಡಿ ಕಳೆದ ಮೇಲೆ ರಾಷ್ಟ್ರದ ಅತ್ಯುತ್ತಮ ಚಿತ್ರವೆಂದು ಸ್ವರ್ಣಕಮಲ ಬಂದಿತು. ಕನ್ನಡಕ್ಕೆ ಅದೇ ಮೊದಲನೆಯದು.

ಇಷ್ಟು ಹೇಳಿ, ‘ಈ ಕಥೆಯಲ್ಲಿ ಆಚಾರ್ಯ, ಚಂದ್ರಿ, ನಾರಣಪ್ಪ ಇವರನ್ನು ಬಿಟ್ಟರೆ ಉಳಿದವರು ಯಾರು?’ ಎಂದು ಕೇಳಿದೆನು.

‘ಅಗ್ರಹಾರದವರು ಸರ್.’

‘ಅವರಿಗೇನು ಕೆಲಸ?’

ಅವನು ಸ್ವಲ್ಪ ಯೋಚಿಸಿ, ‘ಕಾಯೋದು’ ಎಂದನು.

ಈ ಉತ್ತರವನ್ನು ನಾನೂ ನಿರೀಕ್ಷಿಸಿರಲಿಲ್ಲ. ಹೌದಷ್ಟೆ! ಹೆಣ ಬಿದ್ದಿದೆ, ಸಂಸ್ಕಾರವಾಗುವವರೆಗೆ ಅಗ್ರಹಾರದಲ್ಲಿ ಯಾರೂ ಉಣ್ಣುವಂತಿಲ್ಲ. ಆಚಾರ್ಯನು ಗ್ರಂಥಗಳನ್ನು ತಿರುವಿ ಹಾಕಲಿ, ಮಾರುತಿಯ ಗುಡಿಗೆ ಹೋಗಲಿ, ಅವನ ಸಂಕಟಕ್ಕೆಲ್ಲ ತೂಕ ಬರುವುದು ಹೊರಗೆ ಹಸಿದು ಕಾಯುತ್ತಿರುವ ಆ ಜನರಿಂದ. ಅವರ ಹಸಿವು ನಮಗೆ ನಂಬಿಕೆಯಾಗದಿದ್ದರೆ ಆಚಾರ್ಯನ ಧರ್ಮಸಂಕಟವು ಬರಿಯ ಪುಸ್ತಕದ ಚರ್ಚೆಯಾಗಿಬಿಡುತ್ತದೆ. ಹಸಿದವರು ಉಣ್ಣಲಾಗದ ಕಥೆಯ ಚಿತ್ರದಿಂದ ಬೆಳ್ಳಿತೆರೆಗೆ ಬಂದ ನಟರೊಬ್ಬರು ನಾಲ್ಕು ವರ್ಷಗಳ ತರುವಾಯ, 1974ರಲ್ಲಿ, ಹಸಿದವನು ತಿನ್ನುವ ದೃಶ್ಯವೊಂದರಿಂದ ಮನೆಮನೆಯ ಮಾತಾದರು. ಅದೂ ನಮ್ಮ ಜಿಲ್ಲೆಯಲ್ಲಿಯೇ: ಸಿದ್ಧಲಿಂಗಯ್ಯನವರ ‘ಭೂತಯ್ಯನ ಮಗ ಅಯ್ಯು’ ಚಿತ್ರೀಕರಣವಾದದ್ದು ಚಿಕ್ಕಮಗಳೂರಿನ ಬಳಿಯ ಕಳಸಾಪುರದಲ್ಲಿ. ಮೂಲಕಥೆ ಗೊರೂರರದು. ಇದು ಯಾರೂ ಯೋಜಿಸಿ ಮಾಡಿದ್ದಲ್ಲ, ಕಾಕತಾಳೀಯ. ಆದರೂ ಹೊಳೆಯ ದಂಡೆಯಲ್ಲಿ ಕುಳಿತಿದ್ದಾಗ ನನಗೆ ಹಾಗೆ ತೋರಿತು.

ಪೋಷಕ ನಟನ ವಿದ್ಯೆ ಯಾವುದು? ಮಾತನಾಡುವುದನ್ನು ಯಾರು ಬೇಕಾದರೂ ಕಲಿಸಿಯಾರು. ಇನ್ನೊಬ್ಬನು ಮಾತನಾಡುತ್ತಿರುವಾಗ ಏನು ಮಾಡಬೇಕೆಂಬುದನ್ನು ಕಲಿಸುವುದು ಕಷ್ಟ. ನಾಯಕನು ತನ್ನ ಮಾತಿಗಾಗಿ ಬರುತ್ತಾನೆ. ಪೋಷಕನು ಬಹುಪಾಲು ಕೇಳುವುದಕ್ಕಾಗಿ ಬರುತ್ತಾನೆ. ಸುಮ್ಮನೆ ನಿಂತರೆ ಕಂಬವಾಗುತ್ತಾನೆ, ಅತಿಯಾಗಿ ಆಡಿದರೆ ನಾಯಕನ ಮಾತನ್ನು ಕದಿಯುತ್ತಾನೆ. ಈ ಎರಡರ ನಡುವಣ ಕಿರಿದಾದ ಹಾದಿಯನ್ನು ತೋರಿಸುವ ಪಾಠಶಾಲೆಗಳು ಕನ್ನಡನಾಡಿನಲ್ಲಿ ಸಿನಿಮಾಕ್ಕಿಂತ ಮೊದಲೇ ಇದ್ದವು.

ನಮ್ಮ ಯಕ್ಷಗಾನವನ್ನೇ ನೋಡಿ. ಹಿಂದೆ ಮೇಳಕ್ಕೆ ಸೇರಿದ ಹುಡುಗನು ಮೊದಲ ದಿನವೇ ಕರ್ಣನಾಗುತ್ತಿರಲಿಲ್ಲ. ಕೋಡಂಗಿಯಾಗಿ ಕುಣಿದು, ಬಾಲಗೋಪಾಲನಾಗಿ ಹೆಜ್ಜೆ ತಿದ್ದಿಕೊಂಡು, ಪ್ರಸಂಗ ಆರಂಭವಾಗುವ ಮೊದಲಿನ ಆ ಮೆಟ್ಟಿಲುಗಳನ್ನು ಒಂದೊಂದಾಗಿ ಹತ್ತಬೇಕಾಗಿತ್ತು. ಆಗ ಬಯಲಲ್ಲಿ ಜನ ಇನ್ನೂ ಚಾಪೆ ಹಾಸಿಕೊಳ್ಳುತ್ತಿರುತ್ತಾರೆ, ಕಡಲೆಕಾಯಿ ಕೊಳ್ಳುತ್ತಿರುತ್ತಾರೆ. ಯಾರೂ ನೋಡದಿರುವಾಗ ಚೆನ್ನಾಗಿ ಕುಣಿಯುವ ಅಭ್ಯಾಸ ಅದು. ಗುಬ್ಬಿ ವೀರಣ್ಣನವರದೇ ಮೊದಲಾದ ನಾಟಕದ ಕಂಪನಿಗಳಲ್ಲಿಯೂ ಪದ್ಧತಿ ಹೆಚ್ಚು ಬೇರೆಯಿರಲಿಲ್ಲ. ನರಸಿಂಹರಾಜು ಅಲ್ಲಿ ಬಾಲನಟನಾಗಿ ಬೆಳೆದವರು. 1954ರ ‘ಬೇಡರ ಕಣ್ಣಪ್ಪ’ದಲ್ಲಿ ಅವರು ಬಂದು ನಿಂತ ಕೂಡಲೆ ಜನ ನಕ್ಕರೆಂದರೆ ಆ ನಗೆಯ ಹಿಂದೆ ಕಂಪನಿಯ ಎಷ್ಟೋ ವರ್ಷಗಳ ರಾತ್ರಿಗಳಿದ್ದವು.

ಕಂಪನಿಗಳಿಂದ ಬಂದವರಲ್ಲಿ ನನ್ನನ್ನು ಬಹಳವಾಗಿ ಕಾಡುವವರು ಟಿ. ಎನ್. ಬಾಲಕೃಷ್ಣ. ಅರಸೀಕೆರೆಯ ಬಡತನದಲ್ಲಿ ಹುಟ್ಟಿದವರು. ನಾಟಕದ ಮಂಡಳಿಗಳಲ್ಲಿ ಬೋರ್ಡು, ಪರದೆಗಳಿಗೆ ಬಣ್ಣ ಬಳಿಯುವ ಕೆಲಸವನ್ನೂ ಮಾಡಿದವರು. ಅವರಿಗೆ ಕಿವಿ ಕೇಳಿಸುತ್ತಿರಲಿಲ್ಲ. ಇದನ್ನು ಸ್ವಲ್ಪ ನಿಧಾನವಾಗಿ ಯೋಚಿಸಿ ನೋಡಬೇಕು. ರಂಗದ ಮೇಲೆ ಎದುರಿನವನ ಮಾತು ಮುಗಿದೊಡನೆ ತನ್ನ ಮಾತನ್ನು ಎತ್ತಿಕೊಳ್ಳಬೇಕು; ಪಕ್ಕದಲ್ಲಿ ಪುಸ್ತಕ ಹಿಡಿದು ನೆನಪು ಕೊಡುವವನು ಪಿಸುಗುಟ್ಟಿದರೆ ಉಳಿದವರಿಗೆ ಆಸರೆಯಾದೀತು, ಈತನಿಗೆ ಆಗದು. ಅವರು ಎದುರಿನವರ ತುಟಿಯನ್ನು ನೋಡಿ ಮಾತನ್ನು ಹಿಡಿಯುತ್ತಿದ್ದರು. ತುಟಿಯ ಚಲನೆ ನಿಂತಿತೆಂದರೆ ತನ್ನ ಸರದಿ. ಹೀಗೆ ನೋಡುವವನು ಎದುರಿನವನ ಮುಖದಿಂದ ಒಂದು ಕ್ಷಣವೂ ದೃಷ್ಟಿ ತೆಗೆಯುವಂತಿಲ್ಲ. ‘ಬಂಗಾರದ ಮನುಷ್ಯ’ದ ರಾಚೂಟಪ್ಪನಾಗಿ ಅವರು ರಾಜಕುಮಾರರ ಎದುರು ನಿಂತಿರುವುದನ್ನು ಈ ದೃಷ್ಟಿಯಿಂದ ಇನ್ನೊಮ್ಮೆ ನೋಡಿ. ಅಷ್ಟು ಗಮನವಿಟ್ಟು ಕೇಳುವವನು ಇನ್ನೊಬ್ಬನಿಲ್ಲವೆಂದು ನಿಮಗೂ ತೋರೀತು. 1943ರ ‘ರಾಧಾರಮಣ’ದಿಂದ ಆರಂಭಿಸಿ ಸುಮಾರು 560 ಚಿತ್ರಗಳಲ್ಲಿ ಅವರು ಅಭಿನಯಿಸಿದರೆಂದು ಲೆಕ್ಕ, ಬೆಂಗಳೂರಿನ ಕೆಂಗೇರಿಯ ಕಡೆ ಅಭಿಮಾನ್ ಸ್ಟುಡಿಯೋ ಕಟ್ಟಿದರು, 1995ರ ಜುಲೈ 19ರಂದು ತೀರಿಕೊಂಡರು.

ಇದಕ್ಕೆ ತದ್ವಿರುದ್ಧವಾದ ದಾರಿ ಕೆ. ಎಸ್. ಅಶ್ವತ್ಥರದು. ಅವರು ಮೈಸೂರಿನವರು, ಸರ್ಕಾರಿ ನೌಕರಿಯಲ್ಲಿದ್ದವರು. ಆಕಾಶವಾಣಿಯ ನಾಟಕಗಳಲ್ಲಿ ಪಳಗಿದರು. ಅಲ್ಲಿ ಮುಖವಿಲ್ಲ, ಕೈಯಿಲ್ಲ, ವೇಷವಿಲ್ಲ, ಇರುವುದೆಲ್ಲ ಕಂಠ. 1955ರ ‘ಸ್ತ್ರೀರತ್ನ’ ಅವರ ಮೊದಲ ಚಿತ್ರ. 1972ರ ‘ನಾಗರಹಾವು’ ಚಿತ್ರದ ಚಾಮಯ್ಯ ಮೇಷ್ಟರನ್ನು ಮರೆತ ಕನ್ನಡಿಗನಿಲ್ಲ. ರಾಮಾಚಾರಿಯನ್ನು ಅವರು ಕರೆಯುವ ಆ ಒಂದು ಕರೆಯಲ್ಲಿ ವಾತ್ಸಲ್ಯವೂ ಅಳುಕೂ ಒಟ್ಟಿಗೇ ಕೇಳುತ್ತವೆ. ಅದೇ ಚಿತ್ರದಲ್ಲಿ ನಮ್ಮ ಲೋಕನಾಥರು ಕಾಲೇಜಿನ ಪ್ರಿನ್ಸಿಪಾಲರು. ರಾಮಾಚಾರಿ ಅವರನ್ನು ಕಂಬಕ್ಕೆ ಕಟ್ಟಿ ಮಾಡುವ ಅವಮರ್ಯಾದೆಯನ್ನು ನೋಡುವಾಗ ನನ್ನ ವೃತ್ತಿಯವರಿಗೆ ಬೆನ್ನಿನಲ್ಲಿ ಸಣ್ಣಗೆ ಚಳಿ ಹುಟ್ಟುವುದುಂಟು.

ಈಚಿನವರಿಗೆ ಪಾಠಶಾಲೆಯೆಂದರೆ ನಿಜವಾದ ಪಾಠಶಾಲೆಯೇ ಇದೆ. ಕೆ. ವಿ. ಸುಬ್ಬಣ್ಣನವರ ಹೆಗ್ಗೋಡಿನಲ್ಲಿ 1980ರಲ್ಲಿ ನೀನಾಸಮ್ ರಂಗಶಿಕ್ಷಣ ಕೇಂದ್ರ ಆರಂಭವಾಯಿತು. ಅಲ್ಲಿ ಕಲಿತ ಅಚ್ಯುತಕುಮಾರರನ್ನು 2022ರ ‘ಕಾಂತಾರ’ದಲ್ಲಿ ನಗುಮುಖದ ಧಣಿಯಾಗಿ ನೀವು ಕಂಡಿದ್ದೀರಿ. ಆ ನಗೆಯೊಳಗಿನ ವಿಷವು ಮೆಲ್ಲಮೆಲ್ಲನೆ ಹೊರಬೀಳುವ ಬಗೆಯನ್ನು ಕುರಿತು ಬರೆಯಬೇಕಾದರೆ ಇನ್ನೊಂದು ವಾರವೇ ಬೇಕು.

ಕನ್ನಡ ಎಂ. ಎ. ಮಾಡಿದವನಿಗೆ ಎಲ್ಲದಕ್ಕೂ ಒಂದು ಲಕ್ಷಣಗ್ರಂಥ ನೆನಪಾಗುವುದು ಜಾಡ್ಯವೇ ಸರಿ, ವಾಚಕರು ಕ್ಷಮಿಸಬೇಕು. ಧನಂಜಯನ ‘ದಶರೂಪಕ’ದಲ್ಲಿ ಪೀಠಮರ್ದನೆಂಬವನೊಬ್ಬನಿದ್ದಾನೆ. ನಾಟಕದ ಮುಖ್ಯಕಥೆಯ ಜೊತೆಗೆ ದೂರದವರೆಗೆ ಸಾಗುವ ಉಪಕಥೆಗೆ ಪತಾಕೆಯೆಂದು ಹೆಸರು. ಅದರ ನಾಯಕನು ಇವನು. ರಾಮನ ಕಥೆಯಲ್ಲಿ ಸುಗ್ರೀವನಿದ್ದಂತೆ. ಇವನು ಚತುರ, ನಾಯಕನಲ್ಲಿ ಅನುರಕ್ತ, ಗುಣಗಳಲ್ಲಿ ನಾಯಕನಿಗಿಂತ ತುಸುವೇ ಕಡಿಮೆ. ಈ ‘ತುಸುವೇ’ ಎಂಬುದನ್ನು ಗಮನಿಸಬೇಕು. ಹಿಂದಿನವರು ಅಳತೆಯಲ್ಲಿ ಜಿಪುಣರಾಗಿರಲಿಲ್ಲ.

ಹಾಲಿವುಡ್ಡಿನವರು ಈ ಅಳತೆಯನ್ನು ಬೇರೆ ಬಗೆಯಲ್ಲಿ ತೋರಿಸಿದರು. ಅಲ್ಲಿನ ಅಕಾಡೆಮಿಯು ಪೋಷಕ ನಟರಿಗೆ ಪ್ರತ್ಯೇಕ ಪ್ರಶಸ್ತಿಯನ್ನು ಆರಂಭಿಸಿದ್ದು 1936ರ ಚಿತ್ರಗಳಿಗೆ. ಮೊದಲು ಪಡೆದವರು ವಾಲ್ಟರ್ ಬ್ರೆನನ್. ಗುಂಪಿನಲ್ಲಿ ನಿಲ್ಲುವ ಎಕ್ಸ್‌ಟ್ರಾ ನಟನಾಗಿ ಆರಂಭಿಸಿದವರು, ಅದೇ ಪ್ರಶಸ್ತಿಯನ್ನು ಮೂರು ಬಾರಿ ಗೆದ್ದರು. ಆದರೆ ನಾಯಕನಿಗೆ ಆ ಪ್ರಸಿದ್ಧವಾದ ಪ್ರತಿಮೆಯನ್ನು ಕೊಟ್ಟರೆ ಪೋಷಕನಿಗೆ ಮೊದಲ ಏಳು ವರ್ಷ ಕೊಟ್ಟದ್ದು ಗೋಡೆಗೆ ತೂಗುಹಾಕುವ ಒಂದು ಫಲಕ! 1944ರ ಸಮಾರಂಭದಿಂದ ಅವರಿಗೂ ಪೂರ್ಣ ಪ್ರತಿಮೆ ಬಂದಿತು. ನಮ್ಮ ‘ಪೋಷಕ’ ಎಂಬ ಮಾತೇ ಎಷ್ಟೋ ವಾಸಿ. ಕಾಲೇಜಿನ ಸೂಚನಾಫಲಕದಲ್ಲಿ ‘ಪೋಷಕರ ಸಭೆ’ ಎಂದು ಬರೆದಾಗ ಯಾರೂ ಅದನ್ನು ಎರಡನೆಯ ದರ್ಜೆಯವರ ಸಭೆಯೆಂದು ತಿಳಿಯುವುದಿಲ್ಲವಷ್ಟೆ.

ಲೋಕನಾಥರಿಗೂ ಪ್ರಶಸ್ತಿ ಬಂದಿತು. ಶಂಕರ್ ನಾಗ್ ನಿರ್ದೇಶಿಸಿದ ‘ಮಿಂಚಿನ ಓಟ’ದಲ್ಲಿ ಕಾರು ಕದಿಯುವ ತರುಣರ ಜೊತೆಗೆ ಸೇರಿಕೊಂಡ ತಾತನ ಪಾತ್ರಕ್ಕಾಗಿ 1979–80ನೆಯ ಸಾಲಿನ ರಾಜ್ಯದ ಅತ್ಯುತ್ತಮ ಪೋಷಕ ನಟ ಪ್ರಶಸ್ತಿ. ಅಲ್ಲಿಂದ ಮುಂದೆ ಅವರು ಎಷ್ಟು ಮನೆಗಳ ತಂದೆ, ಎಷ್ಟು ಮದುವೆಗಳ ಬೀಗರು, ಎಷ್ಟು ಊರುಗಳ ಹಿರಿಯರಾದರೋ! 650 ಚಿತ್ರಗಳನ್ನು 48 ವರ್ಷಗಳಿಗೆ ಹಂಚಿದರೆ ವರ್ಷಕ್ಕೆ ಹದಿಮೂರು ಚಿಲ್ಲರೆ ಬೀಳುತ್ತದೆ. ತಿಂಗಳಿಗೊಂದು ಹೊಸ ಸಂಸಾರ. ಇವುಗಳಲ್ಲಿ ಬಹುಪಾಲು ಬೇಗ ಮರೆತುಹೋಗುವಂಥ ಚಿತ್ರಗಳು. ಅದನ್ನು ಮುಚ್ಚಿಡುವುದರಲ್ಲಿ ಅರ್ಥವಿಲ್ಲ. ಕೆಟ್ಟ ಚಿತ್ರದಲ್ಲಿಯೂ ಅವರು ಬಂದ ನಾಲ್ಕು ನಿಮಿಷ ಮನೆಯು ಮನೆಯಂತೆ ಕಾಣುತ್ತಿತ್ತು ಎಂಬುದು ನನ್ನ ಅನುಭವ. ಉದ್ಯಮದವರೆಲ್ಲ ಅವರನ್ನು ‘ಅಂಕಲ್’ ಎಂದೇ ಕರೆಯುತ್ತಿದ್ದರು. ಅಲ್ಲಿಯೂ ನೋಡಿ, ಹೆಸರಿನ ಮುಂದೆ ಇನ್ನೊಂದು ಹೆಸರು. 2018ರ ಡಿಸೆಂಬರ್ 31ರಂದು, ಪಟ್ಟಣವೆಲ್ಲ ಹೊಸ ವರ್ಷದ ಸಡಗರದಲ್ಲಿದ್ದಾಗ, 91ನೆಯ ವಯಸ್ಸಿನಲ್ಲಿ ಬೆಂಗಳೂರಿನಲ್ಲಿ ಅವರು ಕಾಲವಾದರು. ಮರುದಿನ ನಮ್ಮ ಬಸ್ಸುನಿಲ್ದಾಣದಲ್ಲಿ ಪತ್ರಿಕೆ ಹಿಡಿದ ಹಿರಿಯರೊಬ್ಬರು ಪಕ್ಕದವರಿಗೆ ಹೇಳಿದ ಮಾತು ನನ್ನ ಕಿವಿಯಲ್ಲಿ ಇನ್ನೂ ಇದೆ: ‘ಗೊತ್ತಾಯ್ತಾ ಮಾರಾಯ್ರೇ? ಉಪ್ಪಿನಕಾಯಿಯವರು ಹೋದ್ರಂತೆ.’ ಅವರ ಕಣ್ಣು ಒದ್ದೆಯಾಗಿತ್ತು. ಅದನ್ನು ಮರೆವು ಎನ್ನಲೋ ನೆನಪು ಎನ್ನಲೋ ನನಗೆ ಅಂದೂ ತಿಳಿಯಲಿಲ್ಲ.

ಹೊಳೆಯ ದಂಡೆಯಲ್ಲಿ ಇವೆಲ್ಲವನ್ನೂ ನಾನು ಹುಡುಗನಿಗೆ ಹೇಳಿದೆನೆಂದು ತಿಳಿಯಬೇಡಿ. ಬಾಲಕೃಷ್ಣರ ತುಟಿಯ ಕಥೆಯನ್ನು ಮಾತ್ರ ಹೇಳಿದೆನು. ಅವನು ನೀರಿಗೆ ಕಲ್ಲೆಸೆಯುತ್ತ ಕೇಳುತ್ತಿದ್ದನು. ಬಸ್ಸಿಗೆ ಕಾಯುವಾಗ, ‘ಸರ್, ನಾನು ರಂಗದ ಮೇಲೆ ಎಷ್ಟು ಹೊತ್ತು ಇರ್ತೇನೆ?’ ಎಂದು ಕೇಳಿದನು. ನಾನು ಅದನ್ನು ಎಣಿಸಿಯೇ ಇರಲಿಲ್ಲ. ಮನಸ್ಸಿನಲ್ಲಿಯೇ ಎರಡನೆಯ ಅಂಕವನ್ನು ಓಡಿಸಿ ನೋಡಿದೆನು. ಅವನು ಲಾಂದ್ರ ಹಿಡಿದು ಒಳಗೆ ಬಂದ ಮೇಲೆ ಅಂಕ ಮುಗಿಯುವವರೆಗೂ ಹೊರಗೆ ಹೋಗುವುದೇ ಇಲ್ಲ.

‘ನಲವತ್ತು ನಿಮಿಷ’ ಎಂದೆನು.

‘ನೀವು ನನಗೆ ಮೂರು ಮಾತು ಹೇಳಿಕೊಟ್ಟಿದ್ದೀರಿ. ಉಳಿದ ಹೊತ್ತು ಏನು ಮಾಡಬೇಕು ಅಂತ ಹೇಳಿಕೊಡಲೇ ಇಲ್ಲ’ ಎಂದನು.

ಸೋಮವಾರ ಸಂಜೆ ಅವನು ಅಭ್ಯಾಸಕ್ಕೆ ಬಂದನು. ನಾನು ಅಂದು ನಾಯಕನಿಗೆ ರಜ ಕೊಟ್ಟು ಲಾಂದ್ರವನ್ನು ಹಿಡಿಯುವುದು ಹೇಗೆಂಬುದರಲ್ಲಿಯೇ ಎರಡು ಗಂಟೆ ಕಳೆದೆನು. ಯಜಮಾನನು ಸಾಲಗಾರನೊಡನೆ ಮಾತನಾಡುವಾಗ ದೀಪವು ಯಾರ ಮುಖದ ಕಡೆಗಿರಬೇಕು, ಮನೆಯೊಡತಿ ಅಳುವಾಗ ಅದು ಇಳಿಯಬೇಕೇ, ಕೈ ಸೋತಾಗ ಇನ್ನೊಂದು ಕೈಗೆ ಬದಲಾಯಿಸುವುದು ಯಾವ ಮಾತಿಗೆ. ನಮ್ಮಿಬ್ಬರಿಗೂ ಇದು ಹೊಸ ಪಾಠ. ಕಡೆಯ ಬಸ್ಸು ಹೋಗಿಬಿಟ್ಟಿತು. ಅವನನ್ನು ನನ್ನ ಸ್ಕೂಟರಿನಲ್ಲಿ ಅವನ ಮನೆಯವರೆಗೆ ಬಿಟ್ಟು ಬಂದೆನು.

ನಾಟಕಕ್ಕೆ ನಾಲ್ಕು ದಿನವಿದೆಯೆನ್ನುವಾಗ ಮುದ್ರಣಾಲಯದಿಂದ ಆಮಂತ್ರಣ ಪತ್ರಿಕೆಗಳ ಕಟ್ಟು ಬಂದಿತು. ಬಿಚ್ಚಿ ನೋಡಿದರೆ, ಪಾತ್ರವರ್ಗದಲ್ಲಿ ಆರು ಹೆಸರುಗಳಿದ್ದು ಕೊನೆಗೆ ‘ಮತ್ತು ಇತರರು’ ಎಂದು ಅಚ್ಚಾಗಿದ್ದಿತು. ಪಟ್ಟಿ ಬರೆದು ಕೊಟ್ಟವನು ನಾನೇ. ಅದು ಆ ಹೊಳೆಯ ದಂಡೆಯ ಭಾನುವಾರಕ್ಕಿಂತ ಮೊದಲು ಬರೆದ ಪಟ್ಟಿ. ಮತ್ತೆ ಅಚ್ಚು ಹಾಕಿಸಲು ಹಣವಿರಲಿಲ್ಲ. ಸ್ಟಾಫ್ ರೂಮಿನಲ್ಲಿ ಕುಳಿತು, ‘ಮತ್ತು ಇತರರು’ ಎಂಬುದನ್ನು ಹೊಡೆದುಹಾಕಿ, ಉಳಿದ ನಾಲ್ವರ ಹೆಸರನ್ನು ಕೈಯಿಂದ ಬರೆಯತೊಡಗಿದೆನು. ಪತ್ರಿಕೆಗಳು ಇನ್ನೂರು. ಅರವತ್ತೋ ಎಪ್ಪತ್ತೋ ಆಗುವಷ್ಟರಲ್ಲಿ ಹುಡುಗನು ಬಾಗಿಲಲ್ಲಿ ಬಂದು ನಿಂತನು. ಒಂದು ಪತ್ರಿಕೆಯನ್ನು ಎತ್ತಿಕೊಂಡು ಓದಿದನು.

‘ನನ್ನ ಇನಿಷಿಯಲ್ ತಪ್ಪಾಗಿದೆ ಸರ್’ ಎಂದು ಹೇಳಿ, ಎದುರಿನ ಕುರ್ಚಿಯನ್ನು ಎಳೆದುಕೊಂಡು, ಜೇಬಿನಿಂದ ತನ್ನ ಪೆನ್ನನ್ನು ತೆಗೆದನು.